ಅಂತರ್ಯುದ್ಧಕ್ಕೆ ಮುಂಚಿನ ಚಾರ್ಲ್ಸ್‌ಟನ್: ಬಂದರು ನಗರವೊಂದರ ಚರಿತ್ರೆಯನ್ನು ಓದುವ ಕ್ರಮ

ಅಮೆರಿಕದ ಅಂತರ್ಯುದ್ಧದ ಮೊದಲ ಫಿರಂಗಿ ಸಿಡಿದದ್ದು 1861ರ ಏಪ್ರಿಲ್ 12ರ ನಸುಕಿನಲ್ಲಿ, ದಕ್ಷಿಣ ಕ್ಯಾರೊಲೈನಾ ರಾಜ್ಯದ ಚಾರ್ಲ್ಸ್‌ಟನ್ ಬಂದರಿನ ಬಾಯಲ್ಲಿರುವ ಸಮ್ಟರ್ ಕೋಟೆಯ ಮೇಲೆ. ಈ ಒಂದು ಸಂಗತಿ ಎಷ್ಟು ಪ್ರಸಿದ್ಧವೆಂದರೆ, ಅದಕ್ಕೆ ಹಿಂದಿನ 191 ವರ್ಷಗಳ ನಗರಚರಿತ್ರೆಯೆಲ್ಲ ಅದರ ಪೀಠಿಕೆಯಷ್ಟೇ ಎಂಬಂತೆ ಕಾಣತೊಡಗುತ್ತದೆ. ಕ್ಯಾರೊಲೈನಾ, ಜಾರ್ಜಿಯಾಗಳಲ್ಲಿ ನೆಲೆಸಿ ವಾರಾಂತ್ಯಕ್ಕೆ ಅಲ್ಲಿಗೆ ಹೋಗುವ ಕನ್ನಡಿಗರಿಗೂ, ಊರಿನಲ್ಲೇ ಕುಳಿತು ಅಂತರ್ಜಾಲದ ಹಳೆಯ ಪತ್ರಿಕೆ, ನಕ್ಷೆಗಳ ಮೂಲಕ ಆ ಕಾಲವನ್ನು ಅರಿಯಬಯಸುವವರಿಗೂ ಉಪಯೋಗವಾಗಲೆಂದು, ಆ 191 ವರ್ಷಗಳನ್ನು ಯಾವ ಕ್ರಮದಲ್ಲಿ ಓದಬಹುದು ಎಂಬುದನ್ನು ಇಲ್ಲಿ ವಿವರಿಸಿದ್ದೇನೆ.

ನನ್ನ ಸಲಹೆ ಒಂದೇ: ಬಂಗಲೆಗಳಿಂದ ಶುರುಮಾಡಬೇಡಿ, ಭತ್ತದಿಂದ ಶುರುಮಾಡಿ. ಮೊದಲ ಸಲ ಹೋದಾಗ ನಾನೂ ಎಲ್ಲರಂತೆ ಕುದುರೆಗಾಡಿ ಹತ್ತಿ ಒಂದು ಗಂಟೆ ಸುತ್ತಿದ್ದೆ. ಕಬ್ಬಿಣದ ಗೇಟುಗಳ ಕುಸುರಿಯ ಬಗ್ಗೆ, ದೆವ್ವಗಳ ಬಗ್ಗೆ, ಕಡಲ್ಗಳ್ಳರ ಬಗ್ಗೆ ಗಾಡಿಯವರು ಬೇಕಾದಷ್ಟು ಹೇಳಿದರು. ಆ ಗೇಟುಗಳಿಗೆ ಹಣ ಎಲ್ಲಿಂದ ಬಂತೆಂಬುದಕ್ಕೆ ಅಕ್ಕಿ ಎಂಬ ಮಾತು ಒಂದೆರಡು ಸಲ ಬಂದು ಹೋಯಿತು, ಅಷ್ಟೆ. ಭತ್ತವನ್ನು ಯಾರು ಬೆಳೆದರು, ಯಾರು ಕುಟ್ಟಿದರು ಎಂಬ ಪ್ರಶ್ನೆಯನ್ನು ಕೈಯಲ್ಲಿ ಹಿಡಿದುಕೊಂಡು ಹೋದರೆ ಆ ಊರಿನ ನಕ್ಷೆ, ಕಾನೂನು, ಮನೆಯ ಬಾಗಿಲು, ಬೇಸಿಗೆಯ ಜ್ವರ ಎಲ್ಲವೂ ಒಂದಕ್ಕೊಂದು ಹೊಂದಿಕೊಳ್ಳುತ್ತವೆ.

ಹೆಸರು, ತಾರೀಖು, ಹಣ

ಓದಲು ಕೂರುವ ಮೊದಲು ಮೂರು ಸಣ್ಣ ತೊಡಕುಗಳನ್ನು ಬಗೆಹರಿಸಿಕೊಳ್ಳಬೇಕು. ಮೊದಲನೆಯದು ಹೆಸರಿನದು. ಇಂಗ್ಲೆಂಡಿನ ದೊರೆ ಎರಡನೆಯ ಚಾರ್ಲ್ಸನ ಹೆಸರಿನ ಈ ಊರು 1783ರವರೆಗೆ ‘ಚಾರ್ಲ್ಸ್ ಟೌನ್’ ಆಗಿತ್ತು. ಸ್ವಾತಂತ್ರ್ಯದ ನಂತರ ನಗರಸಭೆ ಸ್ಥಾಪನೆಯಾದಾಗ ‘ಚಾರ್ಲ್ಸ್‌ಟನ್’ ಆಯಿತು. ಹಳೆಯ ದಾಖಲೆಗಳನ್ನು ಹುಡುಕುವಾಗ ಎರಡೂ ರೂಪಗಳನ್ನು ಬಳಸಬೇಕು, ಜೊತೆಗೆ ‘ದಕ್ಷಿಣ ಕ್ಯಾರೊಲೈನಾ’ ಎಂದು ಸೇರಿಸಲೇಬೇಕು. ಇಲ್ಲವಾದರೆ ಮ್ಯಾಸಚೂಸೆಟ್ಸಿನ ಚಾರ್ಲ್ಸ್‌ಟೌನೂ ಪಶ್ಚಿಮ ವರ್ಜೀನಿಯಾದ ರಾಜಧಾನಿಯೂ ನಡುವೆ ನುಗ್ಗಿ ಗೊಂದಲವೆಬ್ಬಿಸುತ್ತವೆ.

ಎರಡನೆಯದು ತಾರೀಖು. 1752ರವರೆಗೆ ಇಂಗ್ಲಿಷ್ ವಸಾಹತುಗಳಲ್ಲಿ ಹೊಸ ವರ್ಷ ಆರಂಭವಾಗುತ್ತಿದ್ದುದು ಮಾರ್ಚ್ 25ಕ್ಕೆ. ಯುಗಾದಿಗೆ ಸಂವತ್ಸರ ಬದಲಾಗುವುದನ್ನು ಬಲ್ಲ ನಮಗೆ ಇದು ವಿಚಿತ್ರವಾಗಿ ತೋರಬಾರದು, ಆದರೂ ಎಡವುತ್ತೇವೆ. ದಾಖಲೆಯಲ್ಲಿ ‘ಫೆಬ್ರವರಿ 1738’ ಎಂದಿದ್ದರೆ ಅದು ನಮ್ಮ ಲೆಕ್ಕದಲ್ಲಿ 1739ರ ಫೆಬ್ರವರಿ. ಕೆಲವರು ‘1738/39’ ಎಂದು ಎರಡನ್ನೂ ಬರೆದಿರುತ್ತಾರೆ. ಬರೆಯದಿದ್ದಲ್ಲಿ ನಾವೇ ಕೂಡಿಸಿಕೊಳ್ಳಬೇಕು. ಇದನ್ನು ಮರೆತು ನಾನೊಮ್ಮೆ ಒಬ್ಬನ ಉಯಿಲನ್ನು ಅವನ ಮದುವೆಗಿಂತ ಹಿಂದಕ್ಕೆ ಹಾಕಿ, ಇಲ್ಲದ ರಹಸ್ಯವೊಂದನ್ನು ಅರ್ಧ ದಿನ ಬೆನ್ನಟ್ಟಿದ್ದೆ.

ಮೂರನೆಯದು ಹಣ. ಹದಿನೆಂಟನೆಯ ಶತಮಾನದ ಮಧ್ಯಭಾಗದಲ್ಲಿ ಕ್ಯಾರೊಲೈನಾದ ಕಾಗದದ ಪೌಂಡು ಸುಮಾರು ಏಳು ಸೇರಿದರೆ ಇಂಗ್ಲೆಂಡಿನ ಒಂದು ಸ್ಟರ್ಲಿಂಗ್ ಪೌಂಡು ಆಗುತ್ತಿತ್ತು. ಜಾಹೀರಾತಿನಲ್ಲೋ ಆಸ್ತಿಪಟ್ಟಿಯಲ್ಲೋ ಕಾಣುವ ಬೆಲೆಯನ್ನು ಏಳರಿಂದ ಭಾಗಿಸದೆ ಯಾವ ತೀರ್ಮಾನಕ್ಕೂ ಬರಬಾರದು.

ಉಚ್ಚಾರಣೆಯ ವಿಷಯವನ್ನೂ ಇಲ್ಲಿಯೇ ಹೇಳಿ ಮುಗಿಸುತ್ತೇನೆ. ಫ್ರಾನ್ಸಿನಿಂದ ಧರ್ಮದ ಕಾರಣಕ್ಕೆ ಓಡಿಬಂದ ಹ್ಯೂಗನೊ ಕುಟುಂಬಗಳ ಹೆಸರುಗಳು ಬೀದಿಗಳಿಗೆ ಉಳಿದಿವೆ. ಬರೆದಂತೆ ಓದಿದರೆ ‘ಲೆಗರೆ’ ಎನಿಸುವ ಬೀದಿಯನ್ನು ಸ್ಥಳೀಯರು ‘ಲಗ್ರೀ’ ಎನ್ನುತ್ತಾರೆ, ‘ಹ್ಯೂಗರ್’ ಎನಿಸುವುದು ಅವರ ಬಾಯಲ್ಲಿ ‘ಯೂಜೀ’.

ನೀರಿನ ನಕ್ಷೆಯನ್ನು ಮೊದಲು ನೋಡಿ

ನಗರ ನಿಂತಿರುವುದು ಆಶ್ಲಿ ಮತ್ತು ಕೂಪರ್ ನದಿಗಳ ನಡುವಿನ ನಾಲಿಗೆಯಂಥ ಭೂಭಾಗದ ಮೇಲೆ. ಎರಡೂ ನದಿಗಳಿಗೆ ಒಬ್ಬನದೇ ಹೆಸರು: 1663ರಲ್ಲಿ ದೊರೆಯಿಂದ ಕ್ಯಾರೊಲೈನಾವನ್ನು ದಾನವಾಗಿ ಪಡೆದ ಎಂಟು ಮಂದಿ ಒಡೆಯರಲ್ಲಿ ಮುಖ್ಯನಾದ ಆಂಟನಿ ಆಶ್ಲಿ ಕೂಪರನದು. ಈ ಎರಡು ನದಿಗಳು ಕೂಡಿದ್ದರಿಂದಲೇ ಅಟ್ಲಾಂಟಿಕ್ ಸಾಗರ ಉಂಟಾಯಿತೆಂದು ಊರಿನವರು ತಮ್ಮನ್ನು ತಾವೇ ಹಾಸ್ಯ ಮಾಡಿಕೊಳ್ಳುವುದುಂಟು.

1670ರ ಏಪ್ರಿಲ್‌ನಲ್ಲಿ ಬಂದ ಮೊದಲ ವಲಸಿಗರು ಕಿಯಾವಾ ಬುಡಕಟ್ಟಿನ ಮುಖ್ಯಸ್ಥನ ಮಾತಿನಂತೆ ಆಶ್ಲಿ ನದಿಯ ಪಶ್ಚಿಮ ದಂಡೆಯಲ್ಲಿ, ಆಲ್ಬಮಾರ್ಲ್ ಪಾಯಿಂಟ್ ಎಂಬಲ್ಲಿ ನೆಲೆಯೂರಿದರು. ಹತ್ತು ವರ್ಷಗಳ ಬಳಿಕ, 1680ರಲ್ಲಿ, ಊರು ಎದುರಿನ ಆಯ್ಸ್ಟರ್ ಪಾಯಿಂಟಿಗೆ, ಅಂದರೆ ಈಗಿನ ನಗರದ ಜಾಗಕ್ಕೆ ಸ್ಥಳಾಂತರವಾಯಿತು. ಮೊದಲ ನೆಲೆ ಈಗ ‘ಚಾರ್ಲ್ಸ್ ಟೌನ್ ಲ್ಯಾಂಡಿಂಗ್’ ಎಂಬ ಸರ್ಕಾರಿ ಉದ್ಯಾನವಾಗಿದೆ. ಅರ್ಧ ದಿನ ಸಿಕ್ಕರೆ ಅಲ್ಲಿಂದಲೇ ಆರಂಭಿಸುವುದು ಒಳ್ಳೆಯದು, ಏಕೆಂದರೆ ಬಂಗಲೆಗಳಿಲ್ಲದ ಆ ದಂಡೆಯಲ್ಲಿ ನೀರು ಮತ್ತು ಜೌಗುಹುಲ್ಲು ಮಾತ್ರ ಕಾಣುತ್ತವೆ. 1670ರಲ್ಲಿ ಬಂದವರ ಕಣ್ಣಿಗೆ ಬಿದ್ದದ್ದೂ ಅದೇ.

ನಂತರ 1739ರಲ್ಲಿ ಲಂಡನ್ನಿನಲ್ಲಿ ಅಚ್ಚಾದ, ‘ಉಬ್ಬರದ ಹೊತ್ತಿನ ಚಾರ್ಲ್ಸ್ ಟೌನ್’ ಎಂಬರ್ಥದ ಶೀರ್ಷಿಕೆಯಿರುವ ನಕ್ಷೆಯನ್ನು ಅಂತರ್ಜಾಲದಲ್ಲಿ ತೆರೆದು, ಇಂದಿನ ನಕ್ಷೆಯ ಪಕ್ಕದಲ್ಲಿಟ್ಟುಕೊಳ್ಳಿ. ಆಗ ಊರಿನ ಒಳಕ್ಕೆ ಬೆರಳುಗಳಂತೆ ಚಾಚಿದ್ದ ಹಳ್ಳಗಳು ಈಗ ಬೀದಿಗಳಾಗಿವೆ. ಮಾರ್ಕೆಟ್ ಸ್ಟ್ರೀಟ್ ಒಂದು ಹಳ್ಳವಾಗಿತ್ತು. ವಾಟರ್ ಸ್ಟ್ರೀಟ್ ಎಂಬ ಹೆಸರಿನಲ್ಲಿ ಆ ನೆನಪು ಈಗಲೂ ಉಳಿದಿದೆ. ದೊಡ್ಡ ಉಬ್ಬರದ ದಿನ ಮಳೆಯೂ ಬಂದರೆ ತಗ್ಗಿನ ಬೀದಿಗಳಲ್ಲಿ ಮೊಣಕಾಲುದ್ದ ನೀರು ನಿಲ್ಲುವುದುಂಟು, ಮುಚ್ಚಿದ ಹಳ್ಳಗಳು ತಮ್ಮ ಜಾಗವನ್ನು ಮರಳಿ ಕೇಳುವಂತೆ.

ಅದೇ ನಕ್ಷೆಯಲ್ಲಿ ಕೋಟೆಗೋಡೆಯ ಗುರುತುಗಳೂ ಕಾಣುತ್ತವೆ. ದಕ್ಷಿಣಕ್ಕೆ ಸೇಂಟ್ ಅಗಸ್ಟೀನಿನಲ್ಲಿ ಸ್ಪೇನಿನವರು, ಸಮುದ್ರದಲ್ಲಿ ಫ್ರೆಂಚರು ಮತ್ತು ಕಡಲ್ಗಳ್ಳರು ಇದ್ದುದರಿಂದ ಈ ಊರಿಗೆ ಗೋಡೆ ಬೇಕಾಗಿತ್ತು. ಅದರ ಒಂದು ತುಂಡು, ಅರ್ಧಚಂದ್ರಾಕಾರದ ಬುರುಜು, 1771ರಲ್ಲಿ ಪೂರ್ಣಗೊಂಡ ಎಕ್ಸ್‌ಚೇಂಜ್ ಕಟ್ಟಡದ ನೆಲಮಾಳಿಗೆಯಲ್ಲಿ ಇಂದಿಗೂ ನೋಡಲು ಸಿಗುತ್ತದೆ. ಕಡಲ್ಗಳ್ಳರಲ್ಲಿ ಬ್ಲ್ಯಾಕ್‌ಬಿಯರ್ಡ್ 1718ರಲ್ಲಿ ಬಂದರಿಗೆ ಅಡ್ಡಗಟ್ಟಿ ಒಂದು ಪೆಟ್ಟಿಗೆ ಔಷಧಿಗಾಗಿ ಊರನ್ನೇ ಬೆದರಿಸಿದ್ದೂ, ಅದೇ ವರ್ಷದ ಡಿಸೆಂಬರಿನಲ್ಲಿ ಸ್ಟೀಡ್ ಬಾನೆಟ್ಟನನ್ನು ಗಲ್ಲಿಗೇರಿಸಿದ್ದೂ ನಿಜ. ಗಾಡಿಯವರು ಇದನ್ನು ಇನ್ನೂ ಚೆನ್ನಾಗಿ ಹೇಳುತ್ತಾರಾದ್ದರಿಂದ ನಾನು ಮುಂದಕ್ಕೆ ಹೋಗುತ್ತೇನೆ.

ಒಂದು ಅಂಶವನ್ನು ಮಾತ್ರ ಗುರುತು ಹಾಕಿಕೊಳ್ಳಿ. ಬಂದರಿನ ಬಾಯಿಗೆ ಅಡ್ಡಲಾಗಿ ಮರಳ ದಿಬ್ಬವಿದೆ. ಮಂಗಳೂರಿನ ಹಳೆಯ ಬಂದರಿನ ಅಳಿವೆಬಾಗಿಲನ್ನು ಬಲ್ಲವರಿಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಹಡಗುಗಳು ಚಿಕ್ಕವಾಗಿದ್ದಷ್ಟು ಕಾಲ ಅದು ನಡೆಯಿತು, ಹಡಗುಗಳು ದೊಡ್ಡವಾದ ಮೇಲೆ ಅದೇ ತೊಡಕಾಯಿತು.

ಭತ್ತ: ಇಲ್ಲಿ ನಿಧಾನಿಸಿ

ಊರಿನ ಮೊದಲ ಮೂರು ದಶಕಗಳ ಸಂಪಾದನೆ ಭತ್ತದಿಂದ ಬಂದದ್ದಲ್ಲ. ಕೆರಿಬಿಯನ್ ದ್ವೀಪವಾದ ಬಾರ್ಬಡೋಸಿನಿಂದ ಬಂದ ಬಿಳಿಯರು ತಮ್ಮೊಂದಿಗೆ ಆಫ್ರಿಕನ್ ಗುಲಾಮರನ್ನೂ ಗುಲಾಮರನ್ನಾಳುವ ಕಾನೂನನ್ನೂ ತಂದಿದ್ದರು. ಆ ದ್ವೀಪಕ್ಕೆ ದನದ ಮಾಂಸ ಮತ್ತು ಮರಮುಟ್ಟು, ಇಂಗ್ಲೆಂಡಿಗೆ ಜಿಂಕೆಯ ಚರ್ಮ ರಫ್ತಾಗುತ್ತಿತ್ತು. ಮೂಲನಿವಾಸಿಗಳನ್ನು ಸೆರೆಹಿಡಿದು ದ್ವೀಪಗಳಿಗೆ ಮಾರುವ ವ್ಯಾಪಾರವೂ ಇತ್ತು. ವಸಾಹತಿನ ಕೈಯಲ್ಲಿ ಪೆಟ್ಟು ತಿಂದ ಯಮಸೀ ಬುಡಕಟ್ಟು 1715ರಲ್ಲಿ ಯುದ್ಧಕ್ಕೆ ಎದ್ದು ನಿಂತಾಗ ಊರು ನಾಶದ ಅಂಚಿಗೆ ಹೋಗಿತ್ತು. ಒಡೆಯರು ತಮ್ಮನ್ನು ಕಾಯಲಿಲ್ಲವೆಂಬ ಸಿಟ್ಟು ಬೆಳೆದು, 1719ರಲ್ಲಿ ವಸಾಹತಿನವರು ಅವರ ಆಡಳಿತವನ್ನೇ ಕಿತ್ತೊಗೆದು ದೊರೆಯ ನೇರ ಆಳ್ವಿಕೆಯನ್ನು ಕೇಳಿಕೊಂಡರು.

ಭತ್ತ ಬೇರೂರಿದ್ದು 1690ರ ದಶಕದಿಂದೀಚೆಗೆ. ಇಂಗ್ಲಿಷರಿಗೆ ಭತ್ತ ಗೊತ್ತಿರಲಿಲ್ಲ, ಪಶ್ಚಿಮ ಆಫ್ರಿಕದ ಸೆನೆಗಾಂಬಿಯಾ, ಸಿಯೆರಾ ಲಿಯೋನ್ ತೀರದವರಿಗೆ ತಲೆಮಾರುಗಳಿಂದ ಗೊತ್ತಿತ್ತು. ಈ ವಿದ್ಯೆ ಎಷ್ಟರಮಟ್ಟಿಗೆ ಆಫ್ರಿಕನ್ನರಿಂದಲೇ ಬಂತು ಎಂಬುದರ ಬಗ್ಗೆ ವಿದ್ವಾಂಸರಲ್ಲಿ ವಾಗ್ವಾದ ನಿಂತಿಲ್ಲ. ಅದನ್ನು ತೀರ್ಮಾನಿಸಲು ಹೋಗದೆ ಸಲಕರಣೆಗಳನ್ನು ನೋಡಿ: ಮರದ ದಿಮ್ಮಿಯನ್ನು ಕೊರೆದು ಮಾಡಿದ ಒರಳು, ಎರಡೂ ತುದಿಯಲ್ಲಿ ಕುಟ್ಟಬಹುದಾದ ಒನಕೆ, ಹುಲ್ಲಿನ ಸುರುಳಿಯನ್ನು ಹೊಲಿದು ಹೆಣೆದ ಅಗಲವಾದ ದುಂಡು ಮೊರ. ಇಂಗ್ಲೆಂಡಿನ ಯಾವ ಕಣದಲ್ಲೂ ಇವು ಇರಲಿಲ್ಲ. ಇಂದಿಗೂ ಚಾರ್ಲ್ಸ್‌ಟನ್ ಮಾರುಕಟ್ಟೆಯಲ್ಲಿ ಈ ಕರಾವಳಿಯ ಆಫ್ರಿಕನ್ ಗುಲಾಮರ ವಂಶಸ್ಥರಾದ ಗಲಾ ಸಮುದಾಯದ ಹೆಂಗಸರು ಕುಳಿತು ಸ್ವೀಟ್‌ಗ್ರಾಸ್ ಎಂಬ ಹುಲ್ಲಿನ ಬುಟ್ಟಿ ಹೆಣೆಯುತ್ತಾರೆ. ಆ ಬುಟ್ಟಿಗಳ ಮೂಲಪುರುಷ ಈ ಮೊರವೇ. ಬೆಲೆ ಕೇಳಿ ಹೌಹಾರುವ ಮೊದಲು ಹೆಣೆಯುವವರ ಬೆರಳನ್ನು ಒಂದೈದು ನಿಮಿಷ ನೋಡಿ.

ಆರಂಭದಲ್ಲಿ ಒಳನಾಡಿನ ಜೌಗಿನಲ್ಲಿ, ಮಳೆಯ ನೀರನ್ನು ಕಟ್ಟಿ ನಿಲ್ಲಿಸಿ ಬೆಳೆಯುತ್ತಿದ್ದರು. ಹದಿನೆಂಟನೆಯ ಶತಮಾನದ ಮಧ್ಯದಿಂದ ಉಬ್ಬರದ ನೀರನ್ನೇ ಬಳಸುವ ಪದ್ಧತಿ ಹಬ್ಬಿತು. ಅದರ ಯುಕ್ತಿ ಹೀಗಿದೆ: ಸಮುದ್ರದಲ್ಲಿ ಉಬ್ಬರ ಏರಿದಾಗ ಅದು ನದಿಯ ಸಿಹಿನೀರನ್ನು ಹಿಂದಕ್ಕೆ ತಳ್ಳುತ್ತದೆ, ಆಗ ಅಳಿವೆಯಿಂದ ಹಲವು ಮೈಲಿ ಮೇಲಿನ ನದಿಯಲ್ಲೂ ನೀರಿನ ಮಟ್ಟ ಏರುತ್ತದೆ. ಆ ಹೊತ್ತಿಗೆ ಸರಿಯಾಗಿ ಗದ್ದೆಯ ಏರಿಯಲ್ಲಿ ಹೂತಿಟ್ಟ ಮರದ ತೂಬಿನ ಬಾಗಿಲೆತ್ತಿದರೆ ಸಿಹಿನೀರು ತಾನಾಗಿ ಗದ್ದೆಗೆ ನುಗ್ಗುತ್ತದೆ. ಇಳಿತದಲ್ಲಿ ಇನ್ನೊಂದು ಬಾಗಿಲೆತ್ತಿದರೆ ಬಸಿದುಹೋಗುತ್ತದೆ. ಕುಮಟಾ ಕಡೆಯ ಅಘನಾಶಿನಿ ಅಳಿವೆಯಲ್ಲಿ ಗಜನಿ ಗದ್ದೆಯನ್ನು ಕಂಡವರಿಗೆ ಏರಿಯೂ ತೂಬೂ ಪರಿಚಿತವೇ. ವ್ಯತ್ಯಾಸ ಉಪ್ಪಿನದು. ಗಜನಿಯ ಕಗ್ಗ ಭತ್ತ ಉಪ್ಪನ್ನು ತಾಳಿಕೊಳ್ಳುತ್ತದೆ, ಕ್ಯಾರೊಲೈನಾದ ಭತ್ತ ತಾಳಿಕೊಳ್ಳುತ್ತಿರಲಿಲ್ಲ. ಆದ್ದರಿಂದ ಸಮುದ್ರಕ್ಕೆ ತೀರಾ ಹತ್ತಿರವೂ ಅಲ್ಲದ, ಉಬ್ಬರ ಮುಟ್ಟದಷ್ಟು ದೂರವೂ ಅಲ್ಲದ ನದಿಯ ಕಿರಿದಾದ ಪಟ್ಟಿಯೊಂದೇ ಈ ಬೇಸಾಯಕ್ಕೆ ಒದಗುತ್ತಿತ್ತು, ಆ ಪಟ್ಟಿಯ ಒಡೆತನ ಕೆಲವೇ ಕುಟುಂಬಗಳ ಕೈಯಲ್ಲಿ ಉಳಿಯಿತು.

ಆ ಏರಿಗಳನ್ನು ಕಟ್ಟಲು ಸೈಪ್ರಸ್ ಮರಗಳ ಕಾಡನ್ನು ಕಡಿದು, ಬೇರು ಕಿತ್ತು, ಸೊಂಟದುದ್ದದ ಕೆಸರಿನಲ್ಲಿ ನಿಂತು ಸಲಿಕೆಯಿಂದ ಮಣ್ಣು ಎತ್ತಿದವರು ಗುಲಾಮರು. ಕೆಲಸ ‘ಪಾಲು’ ಲೆಕ್ಕದಲ್ಲಿ ನಡೆಯುತ್ತಿತ್ತು: ಕಳೆ ತೆಗೆಯುವ ಕಾಲದಲ್ಲಿ ಒಬ್ಬರಿಗೆ ದಿನಕ್ಕೆ ಸಾಮಾನ್ಯವಾಗಿ ಕಾಲು ಎಕರೆ. ಅದನ್ನು ಮುಗಿಸಿದರೆ ಉಳಿದ ಹೊತ್ತು ತಮ್ಮ ತರಕಾರಿ ಮಡಿಗೋ, ಮೀನಿಗೋ ಸಿಗುತ್ತಿತ್ತು. ಹಾಗೆ ಬೆಳೆದದ್ದನ್ನು ಊರಿನ ಸಂತೆಗೆ ತಂದು ಮಾರಿದ ಹೆಂಗಸರ ಬಗ್ಗೆ ಬಿಳಿಯ ವರ್ತಕರ ದೂರುಗಳೂ ಉಂಟು. ಕೊಯ್ಲಿನ ನಂತರ ಬರುತ್ತಿದ್ದ ಕುಟ್ಟುವ ಕೆಲಸ ಇನ್ನೂ ಘೋರವಾದದ್ದು. ಹಬ್ಬಕ್ಕೆಂದು ಒಂದೆರಡು ಸೇರು ಭತ್ತ ಕುಟ್ಟಿದ ಅಜ್ಜಿಯರು ಹೆಗಲು ನೋವಿನ ಬಗ್ಗೆ ಹೇಳಿದ್ದನ್ನು ಕೇಳಿದವರು, ಹಗಲಿನ ಪಾಲಿನ ಜೊತೆಗೆ ಬೆಳಗಾಗುವ ಮುಂಚೆಯೂ ಕತ್ತಲಾದ ಮೇಲೂ ಚಳಿಗಾಲವಿಡೀ ರಫ್ತಿನ ಪೀಪಾಯಿಗಳು ತುಂಬುವವರೆಗೆ ಕುಟ್ಟುವುದೆಂದರೇನು ಎಂಬುದನ್ನು ಊಹಿಸಬಲ್ಲರು. ಜೊನಾಥನ್ ಲ್ಯೂಕಸ್ ಎಂಬವನು ನೀರಿನಿಂದ ನಡೆಯುವ ಅಕ್ಕಿಗಿರಣಿಯನ್ನು ನಿಲ್ಲಿಸಿದ್ದು 1787ರಲ್ಲಿ. ಅದಕ್ಕೆ ಹಿಂದಿನ ನೂರು ವರ್ಷಗಳ ರಫ್ತಿನ ಬಹುಪಾಲು ತೋಳಿನ ಬಲದಿಂದ ಆದದ್ದು.

ನಿಂತ ನೀರಿನೊಂದಿಗೆ ಸೊಳ್ಳೆಯೂ ಚಳಿಜ್ವರವೂ ಬಂದವು. ಮೇ ತಿಂಗಳಿನಿಂದ ಮೊದಲ ಹಿಮ ಬೀಳುವವರೆಗೆ ಧಣಿಗಳು ಗದ್ದೆಯ ಮನೆಯನ್ನು ಬಿಟ್ಟು ಸಮುದ್ರದ ಗಾಳಿಯಿರುವ ನಗರಕ್ಕೆ ಬಂದಿರುತ್ತಿದ್ದರು. ಚಾರ್ಲ್ಸ್‌ಟನ್ನಿನ ಬಂಗಲೆಗಳು, ನಾಟಕಶಾಲೆ, ನೃತ್ಯಕೂಟಗಳು ಹಾಗೆ ಬೆಳೆದವು. ಕೆಸರಿನಲ್ಲಿ ಇದ್ದವರು ಅಲ್ಲಿಯೇ ಉಳಿದರು.

ನೀಲಿಯ ವಿಷಯವನ್ನು ಚಿಕ್ಕದಾಗಿ ಹೇಳುತ್ತೇನೆ. ಇಲೈಜಾ ಲ್ಯೂಕಸ್ ಎಂಬ ತರುಣಿ 1740ರ ದಶಕದ ಆರಂಭದಲ್ಲಿ ತಂದೆಯ ಪ್ಲಾಂಟೇಷನ್ನಿನಲ್ಲಿ ನೀಲಿಗಿಡ ಬೆಳೆಸಿ ಯಶಸ್ಸು ಕಂಡಳು. 1748ರಲ್ಲಿ ಬ್ರಿಟಿಷ್ ಸಂಸತ್ತು ಪ್ರೋತ್ಸಾಹಧನ ಘೋಷಿಸಿದ ಮೇಲೆ ಅದು ಭತ್ತದ ನಂತರದ ದೊಡ್ಡ ಬೆಳೆಯಾಯಿತು. ಅಮೆರಿಕ ಸ್ವತಂತ್ರವಾದೊಡನೆ ಆ ಹಣ ನಿಂತಿತು, ಬ್ರಿಟಿಷರು ನೀಲಿಗಾಗಿ ಬಂಗಾಳದ ಕಡೆಗೆ ತಿರುಗಿದರು. ಬಂಗಾಳದ ನೀಲಿ ರೈತರ ಕಷ್ಟದ ಕಥೆಯನ್ನು ಬಲ್ಲವರು ಅದರ ಒಂದು ಕವಲು ಇಲ್ಲಿ ಒಡೆದದ್ದನ್ನು ಗಮನಿಸಬಹುದು.

ಎಣಿಕೆಯಿಂದ ಕಾನೂನಿಗೆ

1708ರಲ್ಲಿ ಲಂಡನ್ನಿಗೆ ಕಳುಹಿಸಿದ ವರದಿಯಲ್ಲಿ ವಸಾಹತಿನ ಜನಸಂಖ್ಯೆ 9,580: ಬಿಳಿಯರು 4,080, ಆಫ್ರಿಕನ್ ಗುಲಾಮರು 4,100, ಮೂಲನಿವಾಸಿ ಗುಲಾಮರು 1,400. ಈ ಮೂರು ಅಂಕಿಗಳನ್ನು ಬರೆದಿಟ್ಟುಕೊಂಡು ಮುಂದಿನ ಕಾನೂನುಗಳನ್ನು ಓದಿ. ಆಳುವವರು ಎಣಿಕೆಯಲ್ಲಿ ಕಡಿಮೆಯಿದ್ದಾರೆಂಬ ಭಯ ಪ್ರತಿ ಕಾನೂನಿನ ಹಿಂದೆಯೂ ಇದೆ.

1739ರ ಸೆಪ್ಟೆಂಬರ್ 9ರ ಭಾನುವಾರ, ಊರಿಗೆ ನೈರುತ್ಯದ ಸ್ಟೋನೊ ನದಿಯ ಬಳಿ ಜೆಮಿ ಎಂಬವನ ಮುಂದಾಳತ್ವದಲ್ಲಿ ಗುಲಾಮರು ಅಂಗಡಿಯೊಂದರ ಬಂದೂಕುಗಳನ್ನು ಕಿತ್ತುಕೊಂಡು, ಡೋಲು ಬಾರಿಸುತ್ತ, ಸ್ಪೇನಿನವರ ಫ್ಲಾರಿಡಾದತ್ತ ಹೊರಟರು. ಅಲ್ಲಿಗೆ ತಲುಪಿದವರಿಗೆ ಬಿಡುಗಡೆ ಸಿಗುತ್ತಿತ್ತು. ಇಪ್ಪತ್ತಕ್ಕೂ ಹೆಚ್ಚು ಬಿಳಿಯರು ಸತ್ತರು, ದಂಗೆಯನ್ನು ಅಂದೇ ಸಂಜೆಯೊಳಗೆ ಮುರಿಯಲಾಯಿತು. ಮರುವರ್ಷದ ಕಾನೂನು ಗುಲಾಮರು ಡೋಲು, ಕಹಳೆ ಇಟ್ಟುಕೊಳ್ಳುವುದನ್ನು ನಿಷೇಧಿಸಿತು. ಅವರಿಗೆ ಬರೆಯಲು ಕಲಿಸುವುದನ್ನೂ ನಿಷೇಧಿಸಿತು. ಓದಲು ಕಲಿಸುವುದನ್ನು ತಡೆದದ್ದು 1834ರಲ್ಲಿ. ಬರವಣಿಗೆಗೆ ಮೊದಲು ಬೇಲಿ ಬಿದ್ದುದೇಕೆ ಎಂದು ಯೋಚಿಸಿದರೆ, ಓಡಾಟದ ರಹದಾರಿ ಚೀಟಿಯನ್ನು ಯಾರು ಬೇಕಾದರೂ ಬರೆದುಕೊಳ್ಳಬಹುದೆಂಬ ಆತಂಕ ಕಣ್ಣಿಗೆ ಬೀಳುತ್ತದೆ.

ಹಡಗಿನಲ್ಲಿ ಬಂದವರನ್ನು ಬಂದರಿನ ಬಾಯಲ್ಲಿರುವ ಸಲಿವನ್ಸ್ ದ್ವೀಪದಲ್ಲಿ ರೋಗದ ಭಯಕ್ಕೆ ತಡೆದಿಟ್ಟು, ಬಳಿಕ ಊರಿನ ಧಕ್ಕೆಗೆ ತಂದು ಮಾರುತ್ತಿದ್ದರು. ಸಾಗರದಾಚೆಯ ಗುಲಾಮ ವ್ಯಾಪಾರವನ್ನು ಒಮ್ಮೆ ನಿಲ್ಲಿಸಿದ್ದ ದಕ್ಷಿಣ ಕ್ಯಾರೊಲೈನಾ ಅದನ್ನು 1803ರ ಕೊನೆಯಲ್ಲಿ ಮತ್ತೆ ತೆರೆಯಿತು, ಏಕೆಂದರೆ 1808ರ ಜನವರಿ 1ರಿಂದ ಇಡೀ ದೇಶದಲ್ಲಿ ನಿಷೇಧ ಬರಬಹುದೆಂಬುದು ಎಲ್ಲರಿಗೂ ಗೊತ್ತಿತ್ತು. ಆ ನಾಲ್ಕು ವರ್ಷಗಳಲ್ಲಿ ಸುಮಾರು 40,000 ಮಂದಿಯನ್ನು ಇಲ್ಲಿ ಇಳಿಸಲಾಯಿತು. 1806ರಿಂದ ಅಂಥ ಹಡಗುಗಳೆಲ್ಲ ಗ್ಯಾಡ್ಸ್‌ಡನ್ ಧಕ್ಕೆಯಲ್ಲೇ ನಿಲ್ಲಬೇಕೆಂದು ಆಜ್ಞೆಯಿತ್ತು.

ಧಣಿಯ ಕಾಗದದಲ್ಲಿ ಆಳಿನ ಸುಳಿವು

1732ರಲ್ಲಿ ಆರಂಭವಾದ ‘ಸೌತ್ ಕ್ಯಾರೊಲೈನಾ ಗೆಜೆಟ್’ ಪತ್ರಿಕೆ ಈ ಅಧ್ಯಯನದ ಮುಖ್ಯ ಆಕರ. ಗಂಡ ಲೂಯಿ ಟಿಮೊಥಿ ತೀರಿಕೊಂಡ ಮೇಲೆ ಅದನ್ನು ಹಲವು ವರ್ಷ ನಡೆಸಿದವಳು ಅವನ ಹೆಂಡತಿ ಎಲಿಜಬೆತ್. ಸುದ್ದಿಯ ಪುಟಗಳನ್ನು ಬಿಟ್ಟು ಜಾಹೀರಾತಿಗೆ ಹೋಗಿ. ಹಡಗು ಬಂದ ಜಾಹೀರಾತಿನಲ್ಲಿ ಆಫ್ರಿಕದ ಯಾವ ತೀರದಿಂದ ಬಂದವರೆಂಬುದು ಎದ್ದು ಕಾಣುವಂತೆ ಇರುತ್ತದೆ. ಗ್ಯಾಂಬಿಯಾದಂಥ ಭತ್ತದ ನಾಡಿನವರೆಂದರೆ ಕೊಳ್ಳುವವರಿಗೆ ಆಸಕ್ತಿ ಹೆಚ್ಚು. ಓಡಿಹೋದವರ ಜಾಹೀರಾತು ಅದಕ್ಕಿಂತಲೂ ಬೆಲೆಯುಳ್ಳದ್ದು. ಹಿಡಿದುಕೊಡಬೇಕಾದರೆ ಗುರುತು ಬೇಕು, ಹಾಗಾಗಿ ಧಣಿ ತನಗೆ ಬೇಡವಾದ ಸತ್ಯಗಳನ್ನೂ ಬರೆಯಬೇಕಾಗುತ್ತದೆ: ಯಾವ ಭಾಷೆ ಆಡುತ್ತಾನೆ, ಬಡಗಿಯೋ ದೋಣಿಯವನೋ, ಬೆನ್ನಿನ ಮೇಲೆ ಯಾವ ಗಾಯ, ಹೆಂಡತಿ ಯಾವ ಪ್ಲಾಂಟೇಷನ್ನಿನಲ್ಲಿದ್ದಾಳೆ. ಒಂದು ವರ್ಷದ ಸಂಚಿಕೆಗಳಲ್ಲಿ ಇಂಥವನ್ನು ಮಾತ್ರ ಒಂದು ಕಾಗದದಲ್ಲಿ ಕಾಲಂ ಹಾಕಿ ಬರೆದುಕೊಂಡು ಹೋಗಿ. ಓಡಿಹೋದವರಲ್ಲಿ ಎಷ್ಟು ಜನ ತಪ್ಪಿಸಿಕೊಳ್ಳಲು ಹೊರಟಿದ್ದರು, ಎಷ್ಟು ಜನ ತಾಯಿಯನ್ನೋ ಹೆಂಡತಿಯನ್ನೋ ನೋಡಲು ಹೋಗಿದ್ದರು ಎಂಬುದು ಆ ಕಾಲಂನಿಂದಲೇ ಹೊರಡುತ್ತದೆ.

ಸತ್ತವರ ಆಸ್ತಿಪಟ್ಟಿಗಳಲ್ಲಿ ಕುರ್ಚಿ, ಹಸು, ಒರಳುಗಳ ನಡುವೆ ಮನುಷ್ಯರ ಹೆಸರುಗಳಿರುತ್ತವೆ, ಪ್ರತಿ ಹೆಸರಿನ ಮುಂದೆ ಬೆಲೆ. ಹೆಸರುಗಳ ಮೇಲೆ ಕಣ್ಣು ನಿಲ್ಲಿಸಿ. ಕ್ವಾಶ್, ಕಜೊ, ಕಫಿ ಎಂಬವು ಘಾನಾ ಕಡೆಯ ಅಕಾನ್ ಜನರಲ್ಲಿ ಕ್ರಮವಾಗಿ ಭಾನುವಾರ, ಸೋಮವಾರ, ಶುಕ್ರವಾರ ಹುಟ್ಟಿದ ಗಂಡುಮಕ್ಕಳ ಹೆಸರುಗಳು. ತುಳುನಾಡಿನಲ್ಲಿ ಧಣಿಗಳ ಗದ್ದೆಯಲ್ಲಿ ತಲೆಮಾರುಗಟ್ಟಲೆ ದುಡಿದವರಿಗೆ ಐತ, ಅಂಗಾರ, ತುಕ್ರ, ತನಿಯ ಎಂದು ಹುಟ್ಟಿದ ವಾರದ ಹೆಸರುಗಳಿದ್ದುದನ್ನು ಬಲ್ಲ ಓದುಗರು ಆ ಪಟ್ಟಿಯ ಮುಂದೆ ಸ್ವಲ್ಪ ಹೊತ್ತು ನಿಲ್ಲುತ್ತಾರೆ. ನಾನೂ ನಿಂತಿದ್ದೆ. ಕಾಲಕ್ರಮದಲ್ಲಿ ಇದೇ ಪಟ್ಟಿಗಳಲ್ಲಿ ವಾರದ ಹೆಸರುಗಳು ಕಡಿಮೆಯಾಗಿ ಇಂಗ್ಲಿಷ್ ಹೆಸರುಗಳು ಹೆಚ್ಚುತ್ತವೆ. ಆ ಬದಲಾವಣೆಯೇ ಒಂದು ಅಧ್ಯಯನದ ವಸ್ತು.

ಸ್ವಾತಂತ್ರ್ಯ ಸಮರ, ನಮಗೆ ಪರಿಚಿತನಾದ ಒಬ್ಬ ಸೇನಾನಿ

ಈ ಭಾಗದ ಬಗ್ಗೆ ಪುಸ್ತಕಗಳು ಹೇರಳವಾಗಿರುವುದರಿಂದ ಮುಖ್ಯ ದಿನಾಂಕಗಳಷ್ಟೇ ಸಾಕು. 1773ರ ಡಿಸೆಂಬರಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಚಹಾ ಇಲ್ಲಿಗೂ ಬಂತು. ಬಾಸ್ಟನ್ನಿನವರಂತೆ ಸಮುದ್ರಕ್ಕೆ ಎಸೆಯದೆ ಎಕ್ಸ್‌ಚೇಂಜ್ ಕಟ್ಟಡದ ನೆಲಮಾಳಿಗೆಯಲ್ಲಿಟ್ಟು ಬೀಗ ಹಾಕಿದರು. ವ್ಯಾಪಾರಿಗಳ ಊರು! 1776ರ ಜೂನ್ 28ರಂದು ಸಲಿವನ್ಸ್ ದ್ವೀಪದ ಕೋಟೆಯ ಮೇಲೆ ಬ್ರಿಟಿಷ್ ನೌಕಾಪಡೆ ಗುಂಡಿನ ಮಳೆಗರೆದಾಗ, ತಾಳೆಯ ಜಾತಿಯ ಪಾಮೆಟೊ ಮರದ ಮೆತ್ತನೆಯ ದಿಮ್ಮಿಗಳು ಸೀಳದೆ ಗುಂಡುಗಳನ್ನು ನುಂಗಿಕೊಂಡವು. ರಾಜ್ಯದ ಧ್ವಜದಲ್ಲಿರುವುದು ಆ ಮರವೇ. ಆದರೆ 1780ರ ಮೇ 12ರಂದು ದೀರ್ಘ ಮುತ್ತಿಗೆಯ ನಂತರ ನಗರ ಶರಣಾಯಿತು, 5,000ಕ್ಕೂ ಹೆಚ್ಚು ಅಮೆರಿಕನ್ ಸೈನಿಕರು ಸೆರೆಯಾದರು. ಆ ಮುತ್ತಿಗೆಯಲ್ಲಿ ಭಾಗವಹಿಸಿ, ನಂತರ ದಕ್ಷಿಣದ ಬ್ರಿಟಿಷ್ ಸೇನೆಯ ಹೊಣೆ ಹೊತ್ತವನು ಲಾರ್ಡ್ ಕಾರ್ನ್‌ವಾಲಿಸ್. ಹನ್ನೆರಡು ವರ್ಷಗಳ ಬಳಿಕ, 1792ರಲ್ಲಿ, ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನಿಂದ ಅರ್ಧ ರಾಜ್ಯವನ್ನು ಬಿಡಿಸಿಕೊಂಡವನೂ ಅವನೇ. ಬ್ರಿಟಿಷರು ಚಾರ್ಲ್ಸ್ ಟೌನನ್ನು ಬಿಟ್ಟು ಹೊರಟದ್ದು 1782ರ ಡಿಸೆಂಬರ್ 14ರಂದು.

ಈಗ ಬಂಗಲೆಗಳನ್ನು ನೋಡಬಹುದು

ಚಾರ್ಲ್ಸ್‌ಟನ್ನಿಗೇ ವಿಶಿಷ್ಟವಾದ ‘ಸಿಂಗಲ್ ಹೌಸ್’ ಒಂದೇ ಕೋಣೆಯಷ್ಟು ಅಗಲವಿದ್ದು, ಬೀದಿಗೆ ಪಕ್ಕೆಯನ್ನು ತೋರಿಸಿಕೊಂಡು ಹಿಂದಕ್ಕೆ ಉದ್ದವಾಗಿ ಹೋಗುತ್ತದೆ. ಬೀದಿಯ ಬಾಗಿಲು ತೆರೆದರೆ ಮನೆಯಲ್ಲ, ಗಾಳಿಗೆಂದು ದಕ್ಷಿಣಕ್ಕೋ ಪಶ್ಚಿಮಕ್ಕೋ ಬಿಟ್ಟ ಉದ್ದನೆಯ ಜಗಲಿ. ಜಗಲಿಯನ್ನು ಮೆಚ್ಚಿದ ಮೇಲೆ ಹಿತ್ತಿಲನ್ನು ಕೇಳಿ. ಅಡುಗೆಮನೆ, ಲಾಯ ಮತ್ತು ಅವುಗಳ ಮೇಲಂತಸ್ತಿನ ಗುಲಾಮರ ಕೋಣೆಗಳು ಎತ್ತರದ ಗೋಡೆಯ ಒಳಗೆ ಅಲ್ಲಿದ್ದವು. ಬಹಳ ಕಡೆ ಅವು ಈಗ ಅತಿಥಿಗೃಹಗಳಾಗಿವೆ. ಏಕನ್-ರೆಟ್ ಮನೆಯಲ್ಲಿ ಮಾತ್ರ ಬಣ್ಣ ಬಳಿಯದೆ ಹಾಗೆಯೇ ಉಳಿಸಿರುವುದರಿಂದ, ಒಂದೇ ಮನೆಗೆ ಸಮಯವಿದ್ದರೆ ಅಲ್ಲಿಗೆ ಹೋಗಿ. ಹಳೆಯ ಗೋಡೆಗಳ ಇಟ್ಟಿಗೆಗಳನ್ನು ಹತ್ತಿರದಿಂದ ನೋಡುತ್ತ ನಡೆದರೆ, ಹಸಿ ಇಟ್ಟಿಗೆಯನ್ನು ಎತ್ತಿಟ್ಟವರ ಬೆರಳುಗಳ ಗುಳಿ ಕೆಲವೆಡೆ ಕಾಣುತ್ತದೆ. ಕೆಲವು ಗುಳಿಗಳಲ್ಲಿ ದೊಡ್ಡವರ ಬೆರಳು ಹಿಡಿಸುವುದಿಲ್ಲ.

ವಸ್ತುಸಂಗ್ರಹಾಲಯದಲ್ಲಿ ತಾಮ್ರದ ಬಿಲ್ಲೆಗಳನ್ನು ಹುಡುಕಿ. ಧಣಿ ತನ್ನ ಗುಲಾಮನನ್ನು ನಗರದಲ್ಲಿ ಬೇರೆಯವರ ಕೂಲಿಗೆ ಬಿಡಬೇಕಾದರೆ ನಗರಸಭೆಗೆ ಶುಲ್ಕ ಕಟ್ಟಿ ಬಿಲ್ಲೆ ಪಡೆಯಬೇಕಿತ್ತು. ಅಂಗೈಯಲ್ಲಿ ಮುಚ್ಚಬಹುದಾದಷ್ಟು ಚಿಕ್ಕ ತಗಡು, ಮೇಲೆ ದಾರಕ್ಕೊಂದು ತೂತು; ಊರಿನ ಹೆಸರು, ಕ್ರಮಸಂಖ್ಯೆ, ಕಸುಬು, ವರ್ಷ. ಹೆಸರು ಮಾತ್ರ ಇಲ್ಲ.

ಕೊನೆಯ ನಾಲ್ಕು ದಶಕಗಳು

1790ರ ಮೊದಲ ಜನಗಣತಿಯಲ್ಲಿ 16,359 ಜನರಿದ್ದ ಚಾರ್ಲ್ಸ್‌ಟನ್ ದೇಶದ ನಾಲ್ಕನೆಯ ದೊಡ್ಡ ನಗರ. 1860ರಲ್ಲಿ 40,522 ಜನರಿದ್ದರೂ ಅದರ ಸ್ಥಾನ 22ಕ್ಕೆ ಇಳಿದಿತ್ತು. ಈ ಇಳಿಕೆಯನ್ನು ಹಿನ್ನೆಲೆಯಲ್ಲಿಟ್ಟುಕೊಳ್ಳದೆ ಅಂದಿನ ರಾಜಕೀಯದ ಕಹಿಯನ್ನು ಅಳೆಯಲಾಗದು. ಆಳವಾದ ಹಡಗುಗಳಿಗೆ ಮರಳ ದಿಬ್ಬ ಅಡ್ಡ ಬಂತು, ಹತ್ತಿಯ ಹಣಕಾಸು ನ್ಯೂಯಾರ್ಕಿನ ಕೈಗೆ ಹೋಯಿತು. ಒಳನಾಡಿನ ಹತ್ತಿಯನ್ನು ಸೆಳೆಯಲು ನಗರದವರು ಹಾಕಿದ ರೈಲುಹಳಿಯ ಮೇಲೆ 1830ರ ಡಿಸೆಂಬರ್ 25ರಂದು ‘ಬೆಸ್ಟ್ ಫ್ರೆಂಡ್’ ಎಂಬ ಎಂಜಿನ್ ಪ್ರಯಾಣಿಕರನ್ನು ಎಳೆಯಿತು. ಮುಂದಿನ ಜೂನ್‌ನಲ್ಲಿ, ಹಬೆಯ ಸದ್ದಿಗೆ ಬೇಸತ್ತ ಬೆಂಕಿಯಾಳು ಅದರ ಸುರಕ್ಷಾ ಕವಾಟವನ್ನು ಅದುಮಿ ಹಿಡಿದದ್ದರಿಂದ ಬಾಯ್ಲರ್ ಸಿಡಿಯಿತು. 1833ರಲ್ಲಿ 136 ಮೈಲಿಯ ಆ ಹಳಿ ಆಗಿನ ಜಗತ್ತಿನಲ್ಲೇ ಅತಿ ಉದ್ದದ್ದಾಗಿದ್ದರೂ ಕೈತಪ್ಪಿದ ವ್ಯಾಪಾರ ಹಿಂದಿರುಗಲಿಲ್ಲ.

ಭಯ ಮಾತ್ರ ಬೆಳೆಯುತ್ತಲೇ ಹೋಯಿತು. ಲಾಟರಿಯಲ್ಲಿ 1,500 ಡಾಲರ್ ಗೆದ್ದು, ಅದರಲ್ಲಿ 600 ಡಾಲರ್ ಕೊಟ್ಟು ತನ್ನನ್ನು ತಾನೇ ಕೊಂಡುಕೊಂಡಿದ್ದ ಬಡಗಿ ಡೆನ್ಮಾರ್ಕ್ ವೀಸಿ 1822ರಲ್ಲಿ ದೊಡ್ಡ ದಂಗೆಯೊಂದನ್ನು ಹೂಡಿದ್ದನೆಂದು ಆರೋಪಿಸಿ, ಅವನೂ ಸೇರಿ 35 ಜನರನ್ನು ಗಲ್ಲಿಗೇರಿಸಲಾಯಿತು. ವಿಚಾರಣೆ ಮುಚ್ಚಿದ ಬಾಗಿಲ ಹಿಂದೆ ನಡೆದದ್ದರಿಂದ ಆ ದಾಖಲೆಯನ್ನು ಪೊಲೀಸರ ಮುಂದಿನ ತಪ್ಪೊಪ್ಪಿಗೆಯನ್ನು ಓದುವಷ್ಟೇ ಎಚ್ಚರಿಕೆಯಿಂದ ಓದಬೇಕು. ಅದೇ ವರ್ಷದ ಕೊನೆಯಲ್ಲಿ ಬಂದ ಕಾನೂನಿನ ಪ್ರಕಾರ, ಹೊರಗಿನ ಹಡಗುಗಳಲ್ಲಿ ಬಂದ ಸ್ವತಂತ್ರ ಕರಿಯ ನಾವಿಕರನ್ನು ಹಡಗು ಬಂದರಿನಲ್ಲಿರುವಷ್ಟು ದಿನ ಜೈಲಿನಲ್ಲಿಡುತ್ತಿದ್ದರು. ಬಂದರು ತನ್ನ ನಾವಿಕರಿಗೇ ಹೆದರುವ ಸ್ಥಿತಿಗೆ ಬಂದಿತ್ತು.

1860ರ ಡಿಸೆಂಬರ್ 20ರಂದು ಅಮೆರಿಕದ ಒಕ್ಕೂಟದಿಂದ ಹೊರಬರುವ ದಕ್ಷಿಣ ಕ್ಯಾರೊಲೈನಾದ ನಿರ್ಣಯಕ್ಕೆ ಸಹಿ ಬಿದ್ದ ಇನ್‌ಸ್ಟಿಟ್ಯೂಟ್ ಹಾಲನ್ನು ಹುಡುಕಿ ಮೀಟಿಂಗ್ ಸ್ಟ್ರೀಟಿಗೆ ಹೋಗುವವರಿಗೆ ಕಟ್ಟಡ ಸಿಗುವುದಿಲ್ಲ. ಮರುವರ್ಷದ ಡಿಸೆಂಬರಿನ ಬೆಂಕಿಯಲ್ಲಿ ಅದು ಸುಟ್ಟುಹೋಯಿತು. ಸಮ್ಟರ್ ಕೋಟೆಯನ್ನು ನೋಡಲು ದೋಣಿ ಹತ್ತಬೇಕು. ನಗರದ ಕಡೆಯಿಂದ ಹೊರಡುವ ದೋಣಿ ನಿಲ್ಲುವ ಲಿಬರ್ಟಿ ಸ್ಕ್ವೇರ್ ಇರುವುದು ಹಳೆಯ ಗ್ಯಾಡ್ಸ್‌ಡನ್ ಧಕ್ಕೆಯ ಜಾಗದಲ್ಲಿಯೇ, ಪಕ್ಕದಲ್ಲಿ 2023ರಲ್ಲಿ ತೆರೆದ ಆಫ್ರಿಕನ್ ಅಮೆರಿಕನ್ ವಸ್ತುಸಂಗ್ರಹಾಲಯವಿದೆ. ದೋಣಿಯ ಟಿಕೆಟನ್ನು ಮಧ್ಯಾಹ್ನಕ್ಕೆ ತೆಗೆದುಕೊಂಡು, ಬೆಳಿಗ್ಗೆಯೇ ಆ ಧಕ್ಕೆಗೆ ಹೋಗಿ.